ಸತ್ತವರ ದನಿ ಯಾರ ಸೊತ್ತು?

(ಹರಿಹರದ ಸಭೆಯಲ್ಲಿ ಮಾಡಿದ ಭಾಷಣ)



ಕೂಲಿ, ಬೋನಸ್ಸು ಬಿಟ್ಟು ಇವತ್ತು ಸಿನಿಮಾ ಮಾತೇಕೆ ಎಂದು ಕೆಲವರು ನಗಬಹುದು. ನಗಲಿ. ಇದೂ ದುಡಿಮೆಯ ಮಾತೇ.

ಪುನೀತ್ ರಾಜ್‌ಕುಮಾರ್ 2021ರ ಅಕ್ಟೋಬರ್ 29ರಂದು ತೀರಿಕೊಂಡಾಗ ‘ಜೇಮ್ಸ್’ ಚಿತ್ರದಲ್ಲಿ ಅವರ ಅಭಿನಯ ಬಹುಪಾಲು ಮುಗಿದಿತ್ತು. ಮಾತು ಕೂಡಿಸುವುದು ಉಳಿದಿತ್ತು. ಅಣ್ಣ ಶಿವರಾಜ್‌ಕುಮಾರ್ ದನಿ ಕೊಟ್ಟರು. 2022ರ ಮಾರ್ಚ್ 17ರಂದು, ಪುನೀತರ ಹುಟ್ಟುಹಬ್ಬದ ದಿನವೇ, ಚಿತ್ರ ಬಂತು. ಮುಖ ತಮ್ಮನದು, ದನಿ ಅಣ್ಣನದು. ಇದು ನೋಡಿದವರಿಗೆಲ್ಲ ಗೊತ್ತಿತ್ತು. ಮುಂದಿನ ತಿಂಗಳು ಹೊಸ ತಂತ್ರದಿಂದ ಪುನೀತರ ದನಿಯನ್ನೇ ಕೂಡಿಸಿ ಮತ್ತೆ ಬಿಡುಗಡೆ ಮಾಡಿದರು. ಅದನ್ನೂ ಹೇಳಿಯೇ ಮಾಡಿದರು.

ಗಿರಣಿಯಲ್ಲಿ ದುಡಿದ ನಿಮಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ಮಗ್ಗದ ಮೇಲೆ ಅರ್ಧ ನೆಯ್ದ ಬಟ್ಟೆ ಬಿಟ್ಟು ಒಬ್ಬ ಸತ್ತರೆ ಉಳಿದರ್ಧವನ್ನು ಜೊತೆಗಾರ ನೇಯುತ್ತಾನೆ. ಬಟ್ಟೆ ಹಾಳಾಗಬಾರದು, ಸರಿ. ಆದರೆ ಸತ್ತವನ ಕೂಲಿ ಅವನ ಮನೆಗೆ ಮುಟ್ಟಬೇಕು. ಗಿರಣಿ ಮುಚ್ಚಿದ ಮೇಲೆ ಬಾಕಿಗಾಗಿ ವರ್ಷಗಟ್ಟಲೆ ಅಲೆದವರು ಈ ಸಭೆಯಲ್ಲೇ ಕೂತಿದ್ದೀರಿ.

ಹೊರಗೆ ಈ ವ್ಯಾಪಾರ ಬಲು ದೊಡ್ಡದು. ಅಮೆರಿಕದ ಹಾಡುಗಾರ ಮೈಕೆಲ್ ಜಾಕ್ಸನ್ 2009ರಲ್ಲಿ ಸತ್ತ. ಮರುವರ್ಷವೇ ಉಳಿದ ಮುದ್ರಣಗಳನ್ನು ತಿದ್ದಿ ಒಂದು ಸಂಪುಟ ಹೊರಟಿತು. ಅದರ ಮೂರು ಹಾಡುಗಳ ದನಿ ಅವನದೇ ಅಲ್ಲವೆಂದು ಒಬ್ಬ ಅಭಿಮಾನಿ ಕೋರ್ಟು ಹತ್ತಿದರು. 2022ರಲ್ಲಿ ಕಂಪನಿ ಆ ಮೂರನ್ನೂ ಅಂತರ್ಜಾಲದಿಂದ ತೆಗೆಯಿತು. ಅಸಲಿ-ನಕಲಿಗೂ ಇದಕ್ಕೂ ಸಂಬಂಧವಿಲ್ಲ ಎಂದಿತು! ಡಾಲ್ಡಾ ಬೆರೆಸಿ ಬೆಣ್ಣೆದೋಸೆ ಎಂದು ಮಾರಿದರೆ ದಾವಣಗೆರೆಯಲ್ಲಿ ಗಿರಾಕಿ ಸುಮ್ಮನಿರುತ್ತಾನೆಯೇ?

ನಮ್ಮಲ್ಲೂ ಶುರುವಾಗಿದೆ. ಎಸ್.ಪಿ. ಬಾಲಸುಬ್ರಹ್ಮಣ್ಯಂ ಅವರ ದನಿಯನ್ನು ಕೇಳದೆ ಯಂತ್ರದಿಂದ ಹುಟ್ಟಿಸಿದರೆಂದು ಅವರ ಮಗ ಒಂದು ತೆಲುಗು ಚಿತ್ರದವರಿಗೆ ನೋಟೀಸು ಕಳಿಸಿದ್ದು 2024ರಲ್ಲಿ ಸುದ್ದಿಯಾಯಿತು. ಅದೇ ವರ್ಷ ಎ.ಆರ್. ರೆಹಮಾನ್ ಇಬ್ಬರು ದಿವಂಗತ ಗಾಯಕರ ದನಿಯನ್ನು ತಮಿಳು ಹಾಡೊಂದಕ್ಕೆ ಬಳಸಿದರು. ಮನೆಯವರ ಒಪ್ಪಿಗೆ ಪಡೆದು ಸಂಭಾವನೆ ಕೊಟ್ಟಿರುವುದಾಗಿ ತಾವೇ ಹೇಳಿದರು. ಅಷ್ಟಾದರೂ ಆಗಬೇಕು.

ಶಂಕರ್‌ನಾಗ್ 1990ರ ಸೆಪ್ಟೆಂಬರ್ 30ರಂದು ಕಾರು ಅಪಘಾತದಲ್ಲಿ ಹೋದದ್ದು ನಮ್ಮ ಆನಗೋಡಿನ ಬಳಿ. ಬೆಂಗಳೂರಿನಲ್ಲಿ ಸಂಕೇತ್ ಧ್ವನಿಮುದ್ರಣ ಸ್ಟುಡಿಯೋ ಕಟ್ಟಿದವರು ಅವರು. ಆಟೋಗಳ ಬೆನ್ನ ಮೇಲೆ ಇಂದಿಗೂ ಅವರ ಪಟವಿದೆ. ನಾಳೆ ಯಾವನೋ ಅವರ ದನಿ ಎಬ್ಬಿಸಿ ಸಾಬೂನು ಮಾರಿದರೆ?

ಕಾಪಿರೈಟ್ ಕಾನೂನು 1957ರದು. 2012ರ ತಿದ್ದುಪಡಿ ಕಲಾವಿದರಿಗೆ ಹೆಸರು ಹೇಳಿಸಿಕೊಳ್ಳುವ, ತಮ್ಮ ಪ್ರದರ್ಶನವನ್ನು ಕೆಡಿಸುವುದನ್ನು ತಡೆಯುವ ಹಕ್ಕು ಕೊಟ್ಟಿತು. ಆದರೆ ಹಾಡದೇ ಇದ್ದ ಹಾಡನ್ನು ಸತ್ತವರ ಬಾಯಲ್ಲಿ ಹಾಡಿಸುವ ಯಂತ್ರವನ್ನು ಆ ತಿದ್ದುಪಡಿ ಬರೆದವರು ಕಂಡಿರಲಿಲ್ಲ. ಮನೆಯವರ ಒಪ್ಪಿಗೆ, ಹಣದಲ್ಲಿ ಪಾಲು, ಹಾಡಿನ ಮೇಲೆ ‘ಯಂತ್ರದ ದನಿ’ ಎಂಬ ಬರಹ, ಇವು ಕಾನೂನಿನಲ್ಲಿ ಬರಬೇಕೆಂದು ನಮ್ಮ ಸಂಸತ್ ಸದಸ್ಯರಿಗೆ ಅರ್ಜಿ ಬರೆದಿದ್ದೇವೆ. ಬಾಗಿಲ ಹತ್ತಿರದ ಮೇಜಿನ ಮೇಲಿದೆ. ಓದಿ, ಒಪ್ಪಿಗೆಯಾದರೆ ಸಹಿ ಹಾಕಿ ಹೋಗಿ.