ಮಂತ್ರದೊಳಗಿನ ‘ನಮ್ಮ’ ಅಂದರೆ ಯಾರು?

(ನಿಲ್ಕುಂದದಲ್ಲಿ ಸೇರಿದ್ದ ಸಭೆಯಲ್ಲಿ ಆಡಿದ ಮಾತಿನ ಬರಹ ರೂಪ)



ಈ ಘಟ್ಟದ ಸೀಮೆಯಲ್ಲಿ ಬೆಳಗಾದರೆ ಮಂತ್ರ ಕಿವಿಗೆ ಬೀಳುತ್ತದೆ. ಅಡಿಕೆ ತೋಟದ ಕೆಲಸಕ್ಕೆ ಹೋದ ನಾವು ಅಂಗಳದ ಆಚೆ ನಿಂತು ಕೇಳಿದ್ದೇವೆ. ದನಿ ಕೇಳಿದ್ದೇವೆ, ಅರ್ಥವನ್ನು ಯಾರ ಹತ್ತಿರವೂ ಕೇಳಿಲ್ಲ. ಇವತ್ತು ಕೇಳೋಣ.

ಮಂತ್ರ ಅಂದರೇನು? ಮನನ ಮಾಡುವವನನ್ನು ಕಾಯುವುದೇ ಮಂತ್ರ ಅಂತ ಪಂಡಿತರು ಹೇಳ್ತಾರೆ. ಮನನ ಅಂದರೆ ಯೋಚನೆ. ಅರ್ಥ ತಿಳಿಯದೆ ಯೋಚನೆ ಹ್ಯಾಗೆ ಮಾಡೋದು? ಇದು ನಾವು ಹೊಸದಾಗಿ ತೆಗೆದ ತಕರಾರಲ್ಲ. ಬಹಳ ಹಿಂದೆ ಯಾಸ್ಕ ಬರೆದ ನಿರುಕ್ತದಲ್ಲೇ ಈ ಜಗಳ ಇದೆ. ಮಂತ್ರಗಳಿಗೆ ಅರ್ಥವೇ ಇಲ್ಲ ಅಂತ ಕೌತ್ಸ ಎಂಬುವನು ವಾದಿಸಿದ್ದ. ಯಾಸ್ಕ ಅದನ್ನು ಒಪ್ಪಲಿಲ್ಲ. ಅರ್ಥ ಇದೆ, ಅರ್ಥ ತಿಳಿಯದೆ ವೇದ ಹೊತ್ತವನು ಬರೀ ಭಾರ ಹೊತ್ತ ಕಂಬದ ಹಾಗೆ ಅಂದ. ಈ ಮಾತು ಅವರದೇ ಪುಸ್ತಕದಲ್ಲಿದೆ, ನೆನಪಿರಲಿ.

ಈಗ ಗಾಯತ್ರಿಯನ್ನೇ ತಗೊಳ್ಳಿ. ಅದು ಋಗ್ವೇದದ 3ನೇ ಮಂಡಲದ್ದು. ಎಂಟೆಂಟು ಅಕ್ಷರದ ಮೂರು ಪಾದ. ಉಪನಯನದಲ್ಲಿ ಹುಡುಗನಿಗೆ ಬಟ್ಟೆ ಮುಚ್ಚಿ, ಗುಟ್ಟಾಗಿ ಕಿವಿಯಲ್ಲಿ ಹೇಳುವುದು ಇದನ್ನೇ. ಅದರಲ್ಲಿ ಏನು ಗುಟ್ಟಿದೆ? ಸೂರ್ಯನ ಶ್ರೇಷ್ಠವಾದ ಬೆಳಕನ್ನು ಧ್ಯಾನಿಸೋಣ, ಅವನು ನಮ್ಮ ಬುದ್ಧಿಯನ್ನು ಚುರುಕುಗೊಳಿಸಲಿ ಎಂಬ ಬೇಡಿಕೆ, ಅಷ್ಟೇ. ಒಳ್ಳೆಯ ಬೇಡಿಕೆಯೇ. ಆದರೆ ‘ನನ್ನ ಬುದ್ಧಿ’ ಅಂತ ಅಲ್ಲಿಲ್ಲ, ‘ನಮ್ಮ ಬುದ್ಧಿ’ ಅಂತಿದೆ. ಬಂಧುಗಳೇ, ಈ ‘ನಮ್ಮ’ ಒಳಗೆ ನಾವಿದ್ದೇವಾ? ಸೂರ್ಯ ನಮ್ಮ ಕೇರಿಯ ಮೇಲೂ ಹುಟ್ಟುತ್ತಾನೆ. ಮಂತ್ರ ಮಾತ್ರ ಕೇರಿಯ ಕಡೆ ತಿರುಗಿ ನೋಡಲಿಲ್ಲ.

ನೋಡದಿದ್ದರೆ ಹೋಗಲಿ, ಕೇಳಿದವರಿಗೆ ಶಿಕ್ಷೆ ಬರೆದಿಟ್ಟರು. ಶೂದ್ರ ವೇದ ಕೇಳಿದರೆ ಕಿವಿಗೆ ಕಾದ ತವರ, ಅರಗು ಹೊಯ್ಯಬೇಕು, ನುಡಿದರೆ ನಾಲಿಗೆ ಕತ್ತರಿಸಬೇಕು, ನೆನಪಿಟ್ಟರೆ ಮೈ ಸೀಳಬೇಕು ಅಂತ ಗೌತಮ ಧರ್ಮಸೂತ್ರ ಹೇಳುತ್ತದೆ. ಶಂಕರಾಚಾರ್ಯರು ಬ್ರಹ್ಮಸೂತ್ರ ಭಾಷ್ಯದಲ್ಲಿ ಇದನ್ನೇ ಆಧಾರವಾಗಿ ಎತ್ತಿಕೊಂಡರು. ಶೂದ್ರನಿಗೇ ಈ ಗತಿಯಾದರೆ ಅವನ ಊರಾಚೆ ಇದ್ದ ನಮ್ಮ ಗತಿ ಏನು? ಹೆಣ್ಣಿಗೆ ಮಂತ್ರದ ಸಂಸ್ಕಾರ ಬೇಡ ಅಂತ ಮನು ಬರೆದ. ಅಂದರೆ ಅಗ್ರಹಾರದ ಅಡಿಗೆ ಮನೆಯಲ್ಲಿದ್ದ ತಾಯಂದಿರೂ ಆ ‘ನಮ್ಮ’ ಒಳಗೆ ಇರಲಿಲ್ಲ.

ಇದೆಲ್ಲ ಹಳೇ ಪುಸ್ತಕದ ಮಾತು ಅಂತೀರಾ? ನಮ್ಮ ಶಿರಸಿಗೆ ಬನ್ನಿ. ಮಾರಿಯ ಕತೆ ನಮ್ಮ ಅಜ್ಜಿಯರಿಗೆಲ್ಲ ಗೊತ್ತು. ವಿವರ ಊರಿಂದೂರಿಗೆ ಬೇರೆ, ತಿರುಳು ಒಂದೇ. ಹೊಲೆಯರ ಹುಡುಗನೊಬ್ಬ ಜಾತಿ ಮುಚ್ಚಿಟ್ಟು ವೇದ ಮಂತ್ರ ಕಲಿತ. ಬ್ರಾಹ್ಮಣರ ಹುಡುಗಿಯನ್ನು ಮದುವೆಯಾದ. ಒಂದು ದಿನ ಅವನ ತಾಯಿ ಬಂದು, ಊಟಕ್ಕೆ ಬಡಿಸಿದ ಸಿಹಿಯನ್ನು ಕೋಣದ ನಾಲಿಗೆಗೆ ಹೋಲಿಸಿದಳು. ಗುಟ್ಟು ರಟ್ಟಾಯಿತು. ಹುಡುಗಿ ಉರಿದು ಮಾರಿಯಾದಳು, ಅವನು ಕೋಣನಾದ, ಅವನ ತಲೆ ಕಡಿಯುವುದೇ ಹಬ್ಬವಾಯಿತು. ಈ ಕತೆಯಲ್ಲಿ ಆ ಹುಡುಗ ಕದ್ದದ್ದೇನು? ಅನ್ನ ಅಲ್ಲ, ಹೊನ್ನಲ್ಲ. ಅಕ್ಷರ. ಆ ಕತೆಯನ್ನು ಹಾಡಿ, ತಮಟೆ ಬಡಿದು ಕುಣಿಯುವ ಕೆಲಸವನ್ನೂ ನಮಗೇ ಒಪ್ಪಿಸಿದರು! 1934ರಲ್ಲಿ ಗಾಂಧೀಜಿ ಶಿರಸಿಗೆ ಬಂದಾಗ, ಕೋಣನ ಬಲಿ ಇರುವ ಗುಡಿಗೆ ಬರಲಾರೆ ಅಂದರು. ಆಮೇಲೆ ಬಲಿ ನಿಂತಿತು. ಕೋಣನಿಗೆ ಜೀವದಾನ ಸಿಕ್ಕಿತು. ಕತೆಗೆ ಮಾತ್ರ ಇನ್ನೂ ಜೀವ ಇದೆ.

ಸಿಂಹಾಸನದ ಮೇಲೆ ಕೂತವರನ್ನೂ ಇದು ಬಿಡಲಿಲ್ಲ. 1899ರಲ್ಲಿ ಕೊಲ್ಲಾಪುರದ ಶಾಹು ಮಹಾರಾಜರ ಸ್ನಾನಕ್ಕೆ ಪುರೋಹಿತ ವೇದ ಮಂತ್ರ ಹೇಳಲಿಲ್ಲ, ಪುರಾಣದ ಶ್ಲೋಕ ಹೇಳಿದ. ಯಾಕೆ ಅಂದರೆ ನೀವು ಶೂದ್ರರು ಅಂದ. ಆ ಪುರೋಹಿತ ಉಣ್ಣುತ್ತಿದ್ದುದು ಅದೇ ರಾಜನ ಅನ್ನ! ಬಾಬಾಸಾಹೇಬರು ಹೈಸ್ಕೂಲಿನಲ್ಲಿ ಸಂಸ್ಕೃತ ಕಲಿಯಬೇಕು ಅಂದರೂ ಬಿಡಲಿಲ್ಲ, ಪರ್ಷಿಯನ್ ತಗೊಳ್ಳಬೇಕಾಯಿತು. ಮುಂದೆ ತಾವಾಗಿಯೇ ಕಲಿತರು, ಶಾಸ್ತ್ರಗಳನ್ನು ಬಿಚ್ಚಿ ಬಯಲಿಗಿಟ್ಟರು.

ಹಾಗಾದರೆ ನಾವೇನು ಮಾಡಬೇಕು? ಇಲ್ಲಿ ನಮ್ಮ ಹುಡುಗರಲ್ಲೇ ಎರಡು ಮಾತಿದೆ. ನಾವೂ ಮಂತ್ರ ಕಲಿತು ಗರ್ಭಗುಡಿಗೆ ಹೋಗೋಣ ಅಂತ ಕೆಲವರು, ಅದರ ಸಹವಾಸವೇ ಬೇಡ ಅಂತ ಕೆಲವರು. ಹಕ್ಕಿನ ಮಾತು ಬಂದರೆ ಹಿಂದೆ ಸರಿಯಬಾರದು. ಪೂಜೆ ಬಲ್ಲವನು ಬ್ರಾಹ್ಮಣನೇ ಆಗಿರಬೇಕೆಂದಿಲ್ಲ ಅಂತ 2002ರಲ್ಲಿ ಸುಪ್ರೀಂ ಕೋರ್ಟು ಕೇರಳದ ಮೊಕದ್ದಮೆಯಲ್ಲಿ ಹೇಳಿತು. 2017ರಲ್ಲಿ ತಿರುವಾಂಕೂರು ದೇವಸ್ವಂ ಬೋರ್ಡು ದಲಿತರನ್ನು ಅರ್ಚಕರನ್ನಾಗಿ ಆರಿಸಿತು. ಮುಚ್ಚಿದ ಬಾಗಿಲು ತೆರೆಸುವುದು ಹೋರಾಟವೇ.

ಆದರೆ ಬಾಗಿಲು ತೆರೆದ ಮೇಲೆ ನಾವೂ ಕಂಬಗಳಾಗಿ ಭಾರ ಹೊರಬೇಕಾ? ಮದುವೆ, ಮನೆ ಒಕ್ಕಲು, ತಿಥಿ ಅಂತ ಸಾಲ ತಂದು ದಕ್ಷಿಣೆ ಕೊಟ್ಟು, ತಿಳಿಯದ ಮಾತಿಗೆ ಕೈ ಮುಗಿದು ಕೂರಬೇಕಾ? 12ನೇ ಶತಮಾನದಲ್ಲಿ ಬಸವಣ್ಣನವರ ಜೊತೆಗಿದ್ದ ಶರಣರು ದೇವರ ಜೊತೆ ಕನ್ನಡದಲ್ಲೇ ಮಾತಾಡಿದರು. 1966ರಲ್ಲಿ ಕುವೆಂಪು ಮಗ ತೇಜಸ್ವಿಯ ಮದುವೆಯನ್ನು ಪುರೋಹಿತರಿಲ್ಲದೆ ಮಂತ್ರ ಮಾಂಗಲ್ಯದ ರೀತಿಯಲ್ಲಿ ಮಾಡಿದರು. ಅಲ್ಲಿ ಗಂಡು ಹೆಣ್ಣು ತಮಗೆ ತಿಳಿಯುವ ಮಾತಿನಲ್ಲಿ ಪ್ರತಿಜ್ಞೆ ಮಾಡುತ್ತಾರೆ. 1956ರ ಅಕ್ಟೋಬರ್ 14ರಂದು ನಾಗಪುರದಲ್ಲಿ ಬಾಬಾಸಾಹೇಬರು 22 ಪ್ರತಿಜ್ಞೆಗಳನ್ನು ಜನರ ಮರಾಠಿಯಲ್ಲೇ ಹೇಳಿಸಿದರು. ತ್ರಿಶರಣ ಪಾಲಿಯಲ್ಲಿದೆಯಲ್ಲ ಅಂತ ಯಾರಾದರೂ ಕೇಳಬಹುದು. ಸರಿಯಾದ ಪ್ರಶ್ನೆ. ಅದನ್ನೂ ಕನ್ನಡದಲ್ಲಿ ಬಿಡಿಸಿ ಹೇಳಿಯೇ ಹೇಳಿಸಬೇಕು. ನಮ್ಮ ಕಡೆಯ ಮಂತ್ರ ಅಂತ ರಿಯಾಯಿತಿ ಬೇಡ.

ಇನ್ನೊಂದು ಮಾತು, ಇದು ಜೀವದ ಮಾತು. ನಮ್ಮದು ಕಾಡು ಸೀಮೆ. ಹಾವು ಕಚ್ಚುತ್ತದೆ. 1957ರಲ್ಲಿ ಪಕ್ಕದ ಸೊರಬದ ಕ್ಯಾಸನೂರು ಕಾಡಿನಲ್ಲಿ ಪತ್ತೆಯಾದ ಮಂಗನ ಕಾಯಿಲೆ ನಮ್ಮ ಸಿದ್ದಾಪುರ ತಾಲೂಕಿನಲ್ಲೂ ಜೀವ ತೆಗೆದಿದೆ. ಅದು ಹರಡುವುದು ಉಣುಗಿನಿಂದ, ಯಾರ ಮಾಟದಿಂದಲೂ ಅಲ್ಲ. ತಾಯಿತ ಕಟ್ಟಿಸಿ ಹೊತ್ತು ಕಳೆಯಬೇಡಿ, ಆಸ್ಪತ್ರೆಗೆ ಓಡಿ. ಹಾವು ಕಚ್ಚಿದವರಿಗೆ ಆಸ್ಪತ್ರೆ ತಪ್ಪಿಸಿ ಮಂತ್ರ ಹಾಕುವುದು ಕರ್ನಾಟಕದ 2017ರ ಮೌಢ್ಯ ತಡೆ ಕಾಯ್ದೆಯ ಪ್ರಕಾರ ಅಪರಾಧ. ಆ ಕಾಯ್ದೆ 2020ರಿಂದ ಜಾರಿಯಲ್ಲಿದೆ.

ಕೊನೆಗೆ, ಈ ಸಭೆಯ ಮುಂದೆ ಇಡುವುದು ಇಷ್ಟೇ. ನಮ್ಮ ಮನೆಯ ಯಾವ ಕಾರ್ಯದಲ್ಲೂ ಅರ್ಥ ತಿಳಿಯದ ಮಾತು ಬೇಡ. ಹೇಳುವವನು ಅರ್ಥ ಹೇಳಲಿ, ಇಲ್ಲ ಅಂದರೆ ಎದ್ದು ಹೋಗಲಿ. ದಕ್ಷಿಣೆಯ ದುಡ್ಡು ಮಕ್ಕಳ ಪುಸ್ತಕಕ್ಕೆ ಹೋಗಲಿ. ಓದಬೇಕು ಅನ್ನುವ ಮಗಳಿಗೆ ಸಂಸ್ಕೃತವೂ ಇರಲಿ, ಇಂಗ್ಲಿಷೂ ಇರಲಿ, ಕಾನೂನೂ ಇರಲಿ. ಅವಳು ಏನನ್ನೂ ಕದಿಯುತ್ತಿಲ್ಲ.

ನಮ್ಮ ಸಂವಿಧಾನ ಶುರುವಾಗುವುದೂ ‘ನಾವು’ ಎಂಬ ಮಾತಿನಿಂದಲೇ. ಅದನ್ನು ಯಾರ ಕಿವಿಯಲ್ಲೂ ಗುಟ್ಟಾಗಿ ಹೇಳಬೇಕಾಗಿಲ್ಲ. ಆ ‘ನಾವು’ ಒಳಗೆ ನಿಲ್ಕುಂದದ ಕೇರಿಯೂ ಇದೆ. ಅದನ್ನು ಗಟ್ಟಿಯಾಗಿ ಓದೋಣ, ಮಕ್ಕಳಿಗೆ ಓದಿಸೋಣ.

ಜೈ ಭೀಮ್.