ಜಿಗಣೆ ಪ್ರಭು, ಜಾರ್ಜ್ ವಾಷಿಂಗ್ಟನ್ ಮತ್ತು ಯಾರೂ ಬರೆಯದ ಲೆಕ್ಕ

ಇವತ್ತಿನ ಎಪಿಸೋಡ್‌ನಲ್ಲಿ ರಕ್ತ ಸ್ವಲ್ಪ ಜಾಸ್ತಿನೇ ಇದೆ. ಊಟ ಮಾಡ್ತಿದ್ರೆ ಮುಗಿಸ್ಕೊಂಡು ಬನ್ನಿ.

ಗೇಮ್ ಆಫ್ ಥ್ರೋನ್ಸ್ ನೋಡಿದವರಿಗೆ ರೂಸ್ ಬೋಲ್ಟನ್ ನೆನಪಿರಬೇಕು. ರೆಡ್ ವೆಡ್ಡಿಂಗ್‌ನಲ್ಲಿ ರಾಬ್ ಸ್ಟಾರ್ಕ್‌ಗೆ ಚೂರಿ ಹಾಕಿದವನು. ಜಾರ್ಜ್ ಆರ್. ಆರ್. ಮಾರ್ಟಿನ್ ಬರೆದ ಮೂಲ ಕಾದಂಬರಿಗಳಲ್ಲಿ ಅವನಿಗೊಂದು ಅಭ್ಯಾಸ ಇದೆ. ಆಗಾಗ ಬಟ್ಟೆ ಬಿಚ್ಚಿ ಮಲಗಿ, ಮೈಮೇಲೆ ಜಿಗಣೆ ಬಿಡಿಸ್ಕೋತಾನೆ. ಕೆಟ್ಟ ರಕ್ತ ಹೋದ್ರೆ ಆರೋಗ್ಯ ಅಂತ ಅವನ ನಂಬಿಕೆ. ಅದಕ್ಕೇ ಜನ ಅವನನ್ನ 'ಜಿಗಣೆ ಪ್ರಭು' ಅಂತಾರೆ. ಓದೋವಾಗ 'ವಿಲನ್ ಅಲ್ವಾ, ಇರಲಿ ಬಿಡು' ಅನ್ಸತ್ತೆ. ಆದ್ರೆ ಅದೇ ಕಥೆಯಲ್ಲಿ ರಾಬರ್ಟ್ ಆರಿನ್ ಅಂತ ಒಬ್ಬ ಕಾಯಿಲೆಯ ಹುಡುಗ ಇದ್ದಾನೆ. ಅವನಿಗೂ ಜಿಗಣೆ ಹಚ್ಚುತ್ತಾರೆ. ಹಚ್ಚೋನು ಆ ಲೋಕದಲ್ಲಿ ಓದಿ ಪಾಸಾದ ವೈದ್ಯ. ಹುಡುಗ ಉಳೀಲಿ ಅಂತಾನೇ ಹಚ್ಚೋದು. ನನಗೆ ರೂಸ್ ಬೋಲ್ಟನ್‌ಗಿಂತ ಇವನನ್ನ ಕಂಡ್ರೆ ಜಾಸ್ತಿ ಭಯ.

ಯಾಕಂದ್ರೆ ಮಾರ್ಟಿನ್ ಇದನ್ನ ಕಲ್ಪನೆಯಿಂದ ಹುಟ್ಟಿಸಿದ್ದಲ್ಲ. ಯುರೋಪ್‌ನಲ್ಲಿ ಎರಡು ಸಾವಿರ ವರ್ಷ ಇದೇ ವೈದ್ಯ ನಡೀತಿತ್ತು. ರಕ್ತ, ಕಫ, ಹಳದಿ ಪಿತ್ತ, ಕಪ್ಪು ಪಿತ್ತ ಅಂತ ದೇಹದಲ್ಲಿ ನಾಲ್ಕು ರಸ ಇವೆ, ಅವುಗಳ ಸಮತೋಲನ ತಪ್ಪಿದ್ರೆ ಕಾಯಿಲೆ, ಹಾಗಾಗಿ ಹೆಚ್ಚಾದ ರಕ್ತವನ್ನ ಹೊರಗೆ ಬಿಡಬೇಕು ಅನ್ನೋ ಸಿದ್ಧಾಂತ. ಇದರಲ್ಲಿ ಒಂದು ಮೋಸ ಇದೆ ನೋಡಿ. ಜ್ವರದಲ್ಲಿ ಒದ್ದಾಡ್ತಿರೋನ ರಕ್ತ ತೆಗೆದ್ರೆ ಅವನು ಸುಸ್ತಾಗಿ ಸುಮ್ಮನೆ ಮಲಗ್ತಾನೆ. ಪಕ್ಕದಲ್ಲಿ ನಿಂತವರಿಗೆ 'ಅಬ್ಬಾ, ಕಡಿಮೆ ಆಯ್ತು' ಅನ್ಸತ್ತೆ.

ಈಗ 1799ರ ಡಿಸೆಂಬರ್ 14ಕ್ಕೆ ಬನ್ನಿ. ಜಾಗ ಅಮೆರಿಕದ ಮೌಂಟ್ ವರ್ನನ್. ಮಾಜಿ ಅಧ್ಯಕ್ಷ ಜಾರ್ಜ್ ವಾಷಿಂಗ್ಟನ್‌ಗೆ 67 ವರ್ಷ. ಎರಡು ದಿನ ಮುಂಚೆ ಹಿಮ, ಮಳೆಯಲ್ಲಿ ಕುದುರೆ ಮೇಲೆ ಎಸ್ಟೇಟ್ ಸುತ್ತಿ ಬಂದಿದ್ದರು. ಗಂಟಲು ಊದಿ ಉಸಿರು ಕಟ್ತಿತ್ತು. ಡಾಕ್ಟರ್ ಬರೋಕೆ ಮುಂಚೆನೇ ಎಸ್ಟೇಟ್ ಮೇಲ್ವಿಚಾರಕನನ್ನ ಕರೆಸಿ, ರಕ್ತ ತೆಗಿ ಅಂತ ಅವರೇ ಹೇಳಿದರು. ಜಾಸ್ತಿ ತೆಗೀಬೇಡಿ ಅಂತ ಹೆಂಡತಿ ಮಾರ್ಥಾ ಬೇಡಿಕೊಂಡರು. ಆಮೇಲೆ ಮೂವರು ವೈದ್ಯರು ಬಂದರು: ಕ್ರೇಕ್, ಬ್ರೌನ್, ಡಿಕ್. ಸಂಜೆ ಹೊತ್ತಿಗೆ ಎಲ್ಲಾ ಸೇರಿ ಸುಮಾರು ಎರಡೂವರೆ ಲೀಟರ್ ತೆಗೆದಾಗಿತ್ತು. ನಮ್ಮ ರಕ್ತದಾನ ಶಿಬಿರದಲ್ಲಿ ಒಬ್ಬರಿಂದ 350 ಮಿಲಿ ತಗೋತಾರಲ್ಲ, ಆ ಲೆಕ್ಕದಲ್ಲಿ ಏಳು ಜನರದ್ದು, ಒಂದೇ ದಿನದಲ್ಲಿ, ಒಬ್ಬ ಮುದುಕನ ಮೈಯಿಂದ.

ಮೂವರಲ್ಲಿ ಚಿಕ್ಕವರು ಎಲೀಶಾ ಡಿಕ್. ಇನ್ನು ರಕ್ತ ತೆಗೆಯೋದು ಬೇಡ, ಉಸಿರಿಗೆ ದಾರಿ ಮಾಡಲು ಶ್ವಾಸನಾಳಕ್ಕೆ ತೂತು ಮಾಡೋಣ ಅಂದರು. ಉಳಿದಿಬ್ಬರು ಒಪ್ಪಲಿಲ್ಲ. ರಾತ್ರಿ ಹತ್ತು ಗಂಟೆ ದಾಟಿದ ಮೇಲೆ ವಾಷಿಂಗ್ಟನ್ ತೀರಿಕೊಂಡರು. ಆ ಗಂಟಲಿನ ಸೋಂಕೇ ಅವರನ್ನ ಕೊಲ್ಲುವಷ್ಟು ದೊಡ್ಡದಿತ್ತು, ಅದು ನಿಜ. ಆದ್ರೆ ಮುಂದಿನ ತಿಂಗಳೇ ಬ್ರೌನ್ ಕ್ರೇಕ್‌ಗೆ ಪತ್ರ ಬರೆದು, ಡಿಕ್ ಮಾತು ಕೇಳಿದ್ರೆ ನಮ್ಮ ಗೆಳೆಯ ಉಳೀತಿದ್ದರೇನೋ ಅಂತ ನೊಂದುಕೊಂಡರು.

ಅದೇ ದಿನ, ಅದೇ ಡಿಸೆಂಬರ್ 14ರಂದು, ಫಿಲಡೆಲ್ಫಿಯಾದ ಕೋರ್ಟಲ್ಲಿ ಒಂದು ತೀರ್ಪು ಬಂತು. ಬೆಂಜಮಿನ್ ರಷ್ ಆ ಕಾಲದ ಸ್ಟಾರ್ ಡಾಕ್ಟರ್, ಸ್ವಾತಂತ್ರ್ಯ ಘೋಷಣೆಗೆ ಸಹಿ ಹಾಕಿದವರಲ್ಲಿ ಒಬ್ಬ. 1793ರಲ್ಲಿ ಆ ಊರಿಗೆ ಹಳದಿ ಜ್ವರ ಬಂದು ಐದು ಸಾವಿರದಷ್ಟು ಜನ ಸತ್ತಾಗ, ಊರು ಬಿಟ್ಟು ಓಡದೆ ಮನೆ ಮನೆಗೆ ಹೋಗಿದ್ದ ಮನುಷ್ಯ. ಹೋದ ಕಡೆಯೆಲ್ಲಾ ರಕ್ತ ತೆಗೆದ. ಧೈರ್ಯವಂತ, ಅನುಮಾನವೇ ಇಲ್ಲ. ವಿಲಿಯಂ ಕಾಬೆಟ್ ಅನ್ನೋ ಪತ್ರಕರ್ತ ಊರಿನ ಸಾವಿನ ಪಟ್ಟಿ ಹಿಡಿದು, ಈ ಚಿಕಿತ್ಸೆ ಶುರುವಾದ ಮೇಲೆ ಸಾವು ಇಳಿದಿಲ್ಲ, ಏರಿದೆ ಅಂತ ಬರೆದ. ಬೈಗುಳನೂ ಸೇರಿಸಿದ್ದ, ಅವನ ಬಾಯಿ ಅಂಥದ್ದು. ರಷ್ ಮಾನನಷ್ಟ ಕೇಸ್ ಹಾಕಿದ. ಗೆದ್ದ. ಕಾಬೆಟ್‌ಗೆ 5000 ಡಾಲರ್ ದಂಡ.

ನಾನು ಬಿಕಾಂ ಓದಿದವನು. ಜಮಾ ಬರೆದು ಖರ್ಚು ಬರೆಯದ ಲೆಡ್ಜರ್ ನೋಡಿದ್ರೆ ಕೈ ತುರಿಸತ್ತೆ. ರಷ್ ಲೆಡ್ಜರ್ ಅಂಥದ್ದು. ಉಳಿದವರು ಚಿಕಿತ್ಸೆಯ ಖಾತೆಗೆ, ಸತ್ತವರು ಕಾಯಿಲೆಯ ಖಾತೆಗೆ. ಅವನಿಗೂ ಜ್ವರ ಬಂದಿತ್ತು, ತನಗೂ ರಕ್ತ ತೆಗೆಸಿಕೊಂಡು ಬದುಕಿದ್ದ. ಆಮೇಲೆ ಅವನಿಗೆ ಹೇಳೋರು ಯಾರು? ಈ ಎಪಿಸೋಡ್ ಕೆಳಗೂ 'ನಮ್ಮ ಮಾವಂಗೆ ಇಂಥದ್ದರಲ್ಲೇ ವಾಸಿಯಾಯ್ತು ಬ್ರೋ' ಅಂತ ಕಾಮೆಂಟ್ ಬರತ್ತೆ, ನನಗೆ ಗೊತ್ತು. ಹಾಕಿ. ವಾಸಿಯಾಗದವರು ಎಷ್ಟು ಜನ ಅಂತಾನೂ ಹಾಕಿ.

ಎರಡೂ ಕಾಲಂ ಬರೆದವನು ಪ್ಯಾರಿಸ್‌ನ ವೈದ್ಯ ಪಿಯೆರ್ ಲೂಯಿ. ಅವನ ಕಾಲದಲ್ಲಿ ಜಿಗಣೆ ಎಷ್ಟು ಜೋರು ಅಂದ್ರೆ, 1833ರಲ್ಲಿ ಫ್ರಾನ್ಸ್ ಒಂದೇ 4 ಕೋಟಿಗೂ ಹೆಚ್ಚು ಜಿಗಣೆ ಆಮದು ಮಾಡ್ಕೊಂಡಿತ್ತು. ಲೂಯಿ 77 ನ್ಯುಮೋನಿಯಾ ರೋಗಿಗಳ ದಾಖಲೆ ಇಟ್ಟ. ಕಾಯಿಲೆ ಬಂದ ಮೊದಲ ನಾಲ್ಕು ದಿನದಲ್ಲೇ ರಕ್ತ ತೆಗೆದದ್ದು 41 ಜನರಿಗೆ, ಅವರಲ್ಲಿ 18 ಜನ ಸತ್ತರು. ತಡವಾಗಿ ತೆಗೆದದ್ದು 36 ಜನರಿಗೆ, ಅವರಲ್ಲಿ 9 ಜನ. ಅಂದ್ರೆ 44%, 25%. ಬೇಗ ತೆಗೆದಷ್ಟೂ ಒಳ್ಳೇದು ಅಂತ ಎಲ್ಲರೂ ನಂಬಿದ್ದಕ್ಕೆ ಪೂರಾ ಉಲ್ಟಾ. ಸಣ್ಣ ಲೆಕ್ಕ, ರಕ್ತ ತೆಗೆಯದೇ ಇದ್ದವರ ಗುಂಪೇ ಇರಲಿಲ್ಲ, ಇವತ್ತಾದ್ರೆ ಯಾವ ಜರ್ನಲ್ಲೂ ಒಪ್ಪಲ್ಲ. ಲೂಯಿ ಕೂಡ 'ನಿಲ್ಲಿಸಿ' ಅನ್ನಲಿಲ್ಲ, ಅಂದುಕೊಂಡಷ್ಟು ಪ್ರಯೋಜನ ಇಲ್ಲ ಅಂದ ಅಷ್ಟೇ. ಅಷ್ಟಕ್ಕೇ ಸಹೋದ್ಯೋಗಿಗಳು ಮುಗಿಬಿದ್ದರು. ರೋಗಿ ಅಂದ್ರೆ ಮನುಷ್ಯ, ಸಂಖ್ಯೆ ಅಲ್ಲ ಅನ್ನೋದು ಅವರ ವಾದ. ಕೇಳೋಕೆ ಚೆನ್ನಾಗಿದೆ ಅಲ್ವಾ?

ಲೆಕ್ಕ ಬಂದ ತಕ್ಷಣ ಕತ್ತಿ ಕೆಳಗಿಡಲಿಲ್ಲ ಯಾರೂ. 1892ರಲ್ಲಿ ಬಂದ ವಿಲಿಯಂ ಆಸ್ಲರ್ ಅವರ ಪ್ರಸಿದ್ಧ ಪಠ್ಯಪುಸ್ತಕದಲ್ಲೂ ಕೆಲವು ನ್ಯುಮೋನಿಯಾ ರೋಗಿಗಳಿಗೆ ರಕ್ತ ತೆಗೆಯೋ ಸಲಹೆ ಇದೆ.

ಒಂದು ಮಾತು ಬಿಟ್ಟೋಗಬಾರದು. ದೇಹದಲ್ಲಿ ಕಬ್ಬಿಣದ ಅಂಶ ಅತಿಯಾಗಿ ಸೇರುವ ಕಾಯಿಲೆಗೆ ಇವತ್ತೂ ಆಸ್ಪತ್ರೆಯಲ್ಲಿ ರಕ್ತ ತೆಗೀತಾರೆ. ತುಂಡಾದ ಬೆರಳು ಜೋಡಿಸಿದ ಮೇಲೆ ಕಟ್ಟಿಕೊಂಡ ರಕ್ತ ಎಳೆಯೋಕೆ ಜಿಗಣೆನೂ ಬಳಸ್ತಾರೆ. 2004ರಲ್ಲಿ ಅಮೆರಿಕದ ಔಷಧ ನಿಯಂತ್ರಣ ಸಂಸ್ಥೆ ಅದಕ್ಕೆ ಅನುಮತಿನೂ ಕೊಟ್ಟಿದೆ. ರೂಸ್ ಬೋಲ್ಟನ್‌ಗೆ ಹೇಳಿದ್ರೆ ಖುಷಿ ಪಡ್ತಿದ್ದ, ಆದ್ರೆ ಅವನ ಕಾಯಿಲೆ ಬೇರೆ. ಮುಂದಿನ ವಾರ ಸಿಗೋಣ.