ಕ್ಯಾಪ್ಟನ್ ಗ್ರೇಗ್ ಮತ್ತು ಅವರಿಗೆ ಚೆಂಡೆಸೆದ ಬಾಳೂ

(ಶಾಲೆಯ ವಾರ್ಷಿಕ ಸಮಾರಂಭದಲ್ಲಿ ಮಾಡಿದ ಭಾಷಣ)



ಕ್ರೀಡೆಯನ್ನು ಕುರಿತು ನಾಲ್ಕು ಮಾತು ಹೇಳಬೇಕೆಂದು ಸಂಘದವರು ನಮಗೆ ಅಪ್ಪಣೆ ಮಾಡಿದ್ದಾರೆ. ತೊಗರಿ ಕೊಯ್ದು ಬರಿದಾದ ಹೊಲ ಕಂಡೊಡನೆ ಮೂರು ಕೋಲು ನೆಟ್ಟು ಆಟಕ್ಕೆ ತೊಡಗುವ ಹುಡುಗರು ಜಹೀರಾಬಾದಿನಲ್ಲಿಯೂ ನಾರಾಯಣಖೇಡದಲ್ಲಿಯೂ ತಾಂಡೂರಿನಲ್ಲಿಯೂ ಒಂದೇ ತೆರನಾಗಿದ್ದಾರೆ. ಬ್ಯಾಟು ಯಾರದೋ ಅವನೇ ಮೊದಲು ಆಡತಕ್ಕದ್ದೆಂಬ ನ್ಯಾಯವೂ ಮೂರೂ ಕಡೆ ಒಂದೇ. ಈ ನ್ಯಾಯವನ್ನು ಮನಸ್ಸಿನಲ್ಲಿಟ್ಟುಕೊಂಡು ನಮ್ಮ ಮಾತನ್ನು ಕೇಳಬೇಕೆಂದು ಮಕ್ಕಳಲ್ಲಿ ಕೋರುತ್ತೇವೆ.

ಈ ಆಟವು ನಮ್ಮ ದೇಶಕ್ಕೆ ಬಂದದ್ದು ಬಹುಮಟ್ಟಿಗೆ ಬ್ರಿಟಿಷರ ದಂಡಿನ ಜೊತೆಯಲ್ಲಿ. ಆ ದಂಡಿನ ಅಧಿಕಾರಿಗಳಲ್ಲಿ ಜಾನ್ ಗ್ಲೆನ್ನಿ ಗ್ರೇಗ್ ಎಂಬವರೊಬ್ಬರು. 1871ರ ಅಕ್ಟೋಬರಿನಲ್ಲಿ ಇಂದೋರಿನ ಬಳಿಯ ಮಹೂ ದಂಡಿನಲ್ಲಿ ಜನಿಸಿದರು. ಇಂಗ್ಲೆಂಡಿನಲ್ಲಿ ಓದಿ, ಸೈನ್ಯಾಧಿಕಾರಿಯಾಗಿ ಹಿಂದೂಸ್ಥಾನಕ್ಕೆ ಮರಳಿ ಬಂದರು. ‘ಜಾನ್ ಗ್ಲೆನ್ನಿ’ ಎಂಬುದು ನಮ್ಮ ಜನರ ನಾಲಗೆಯ ಮೇಲೆ ‘ಜಂಗ್ಲಿ’ ಎಂದಾಯಿತು! ಆ ಅಡ್ಡಹೆಸರು ಅವರಿಗೆ ಕಡೆಯವರೆಗೂ ಉಳಿಯಿತು. ಮುಂಬಯಿ ಪ್ರಾಂತದಲ್ಲಿ ಯೂರೋಪಿಯನ್ನರ ತಂಡಕ್ಕೆ ಅವರೇ ದೊಡ್ಡ ಬ್ಯಾಟುಗಾರರು. 1901ರಲ್ಲಿ ಇಂಗ್ಲೆಂಡಿಗೆ ಹೋಗಿದ್ದಾಗ ಹ್ಯಾಂಪ್‌ಶೈರ್ ತಂಡದ ಪರವಾಗಿ ಲ್ಯಾಂಕಾಶೈರಿನ ಎದುರು ಔಟಾಗದೆ 249 ಓಟಗಳನ್ನು ಗಳಿಸಿದರು.

ಕೇವಲ ಓಟಗಳ ಲೆಕ್ಕವಾದರೆ ಇಂಥ ಅಧಿಕಾರಿಗಳು ಹಲವರಿದ್ದಾರೆ. ಗ್ರೇಗ್ ಅವರನ್ನು ನಾವು ಆರಿಸಿಕೊಂಡದ್ದು ಪುಣೆಯಲ್ಲಿ ಅವರ ಎದುರಿಗೆ ನಿಂತಿದ್ದ ಇನ್ನೊಬ್ಬರ ದೆಸೆಯಿಂದ.

ಆ ಇನ್ನೊಬ್ಬರು ಪಲ್ವಂಕರ್ ಬಾಳೂ. ಮನೆತನ ಕೊಂಕಣದ್ದು, ಮಾತು ಮರಾಠಿ. ಆದರೆ ಹುಟ್ಟಿದ್ದು ನಮ್ಮ ಧಾರವಾಡದಲ್ಲಿ. ತಂದೆ ಸೈನ್ಯಕ್ಕೆ ಸೇರಿದ ನೌಕರಿಯಲ್ಲಿದ್ದರು. ದಂಡಿನ ಅನ್ನ ತಿನ್ನುವವರ ಮಕ್ಕಳಿಗೆ ಹುಟ್ಟೂರು ಎಲ್ಲಿ ಒದಗುವುದೋ ಹೇಳಲಾಗದು. ಗ್ರೇಗ್ ಅವರಿಗೆ ಮಹೂ ಹೇಗೋ ಬಾಳೂಗೆ ಧಾರವಾಡ ಹಾಗೆ. ಇಬ್ಬರಿಗೂ ಸಮಾನವಾದದ್ದು ಬಹುಶಃ ಇದೊಂದೇ. ಬಾಳೂ ಅಸ್ಪೃಶ್ಯರೆಂದು ಸಮಾಜವು ಹೊರಗಿಟ್ಟಿದ್ದ ಚರ್ಮಕಾರ ಕುಲದವರು. ಮೊದಲು ಪಾರ್ಸಿಗಳ ಒಂದು ಕ್ಲಬ್ಬಿನಲ್ಲಿ ತಿಂಗಳಿಗೆ 3 ರೂಪಾಯಿ ಸಂಬಳಕ್ಕೆ ನೆಲ ಗುಡಿಸಿ ರೋಲರ್ ಎಳೆದರು. 1892ರ ಸುಮಾರಿಗೆ ಯೂರೋಪಿಯನ್ನರ ಪುಣೆ ಕ್ಲಬ್ಬಿಗೆ ಬಂದರು; ಸಂಬಳ 4 ರೂಪಾಯಿ ಆಯಿತು. ಬಲೆ ಕಟ್ಟುವುದು, ಅಂಗಳ ಸಮಮಾಡುವುದು, ಗೆರೆ ಎಳೆಯುವುದು, ಸಾಹೇಬರು ಕರೆದಾಗ ಚೆಂಡೆಸೆಯುವುದು: ಇದು ಅವರ ಕೆಲಸ.

ಎಡಗೈಯಿಂದ ನಿಧಾನವಾಗಿ ತಿರುಗಿಸಿ ಎಸೆಯುವ ಅವರ ಚೆಂಡಿನ ಗುಣವನ್ನು ಗ್ರೇಗ್ ಬೇಗನೆ ಅರಿತರು. ಉಳಿದ ಸದಸ್ಯರಿಗಿಂತ ಒಂದು ಗಂಟೆ ಮುಂಚಿತವಾಗಿಯೇ ಬಂದು ಬಾಳೂ ಅವರ ಎಸೆತಕ್ಕೆ ಬ್ಯಾಟು ಹಿಡಿದು ನಿಲ್ಲುತ್ತಿದ್ದರಂತೆ. ತಮ್ಮನ್ನು ಔಟ್ ಮಾಡಿದಾಗಲೆಲ್ಲ 8 ಆಣೆ ಇನಾಮು ಕೊಡುತ್ತಿದ್ದರೆಂದು ಪ್ರತೀತಿ ಇದೆ. ಆಣೆಯ ಲೆಕ್ಕ ಇಂದಿನ ಮಕ್ಕಳಿಗೆ ತಿಳಿಯದು. ರೂಪಾಯಿಗೆ 16 ಆಣೆ. ಆದುದರಿಂದ ಸಾಹೇಬರನ್ನು ಎಂಟು ಸಲ ಔಟ್ ಮಾಡಿದರೆ ತಿಂಗಳ ಸಂಬಳದಷ್ಟೇ ಹಣ ಮತ್ತೊಮ್ಮೆ ಕೈಸೇರುತ್ತಿತ್ತು! ಗುರುವೂ ಇಲ್ಲದ, ಪುಸ್ತಕವೂ ಇಲ್ಲದ ಒಬ್ಬ ಹುಡುಗನ ಕೈ ಪಳಗಿದ್ದು ಹೀಗೆ.

ಆದರೆ ನೂರಾರು ಗಂಟೆಗಳ ಈ ಅಭ್ಯಾಸದಲ್ಲಿ ಒಂದು ದಿನವೂ ಬಾಳೂ ಅವರ ಕೈಗೆ ಬ್ಯಾಟು ಬರಲಿಲ್ಲ. ಬ್ಯಾಟು ಹಿಡಿಯುವುದು ಸಾಹೇಬರಿಗೆ, ಚೆಂಡೆಸೆಯುವುದು ಸೇವಕರಿಗೆ. ಗ್ರೇಗ್ ಅವರನ್ನು ನಾವು ಕೆಟ್ಟವರೆನ್ನಲಾರೆವು. ಅವರ ಕಣ್ಣು ಗುಣವನ್ನು ಕಂಡಿತು, ಕೈ ಇನಾಮನ್ನೂ ಕೊಟ್ಟಿತು; ಬ್ಯಾಟನ್ನು ಚಾಚುವ ಯೋಚನೆ ಮಾತ್ರ ಅವರಿಗೆ ಹೊಳೆದಂತಿಲ್ಲ.

ಪರದೇಶದವರನ್ನು ದೂರುವ ಮೊದಲು ನಮ್ಮವರ ನಡತೆಯನ್ನೂ ನೋಡಬೇಕು. ಪುಣೆಯ ಹಿಂದೂಗಳ ತಂಡಕ್ಕೆ ಬಿಳಿಯರನ್ನು ಸೋಲಿಸುವ ಆಸೆ ಬಲವಾಗಿತ್ತು. ಬಾಳೂ ಅವರನ್ನು ಸೇರಿಸಿಕೊಳ್ಳಬಹುದೇ ಎಂದು ಬಹಳ ವಾದವಾಗಿ, ಕಡೆಗೆ ಸೇರಿಸಿಕೊಂಡರು. ಅಂಗಳದಲ್ಲಿ ಅವರು ಮುಟ್ಟಿದ ಚೆಂಡನ್ನೇ ಎಲ್ಲರೂ ಮುಟ್ಟಿದರು. ಆಟ ನಿಂತೊಡನೆ ಉಳಿದವರಿಗೆ ಒಳಗೆ ಪಿಂಗಾಣಿ ಬಟ್ಟಲಿನಲ್ಲಿ ಚಹಾ. ಬಾಳೂ ಅವರಿಗೆ ಹೊರಗೆ, ಕುಡಿದು ಎಸೆಯುವ ಮಣ್ಣಿನ ಕುಡಿಕೆಯಲ್ಲಿ. ಊಟಕ್ಕೂ ಬೇರೆ ಜಾಗ. ಜೊತೆಯಲ್ಲಿ ಆಡಬಹುದಾದರೆ ಜೊತೆಯಲ್ಲಿ ಉಣ್ಣಲೇಕೆ ಬಾರದೆಂದು ನ್ಯಾಯಮೂರ್ತಿ ಮಹಾದೇವ ಗೋವಿಂದ ರಾನಡೆಯವರು ಬಹಿರಂಗವಾಗಿಯೇ ಕೇಳಿದರು.

ಮುಂದೆ ಬಾಳೂ ಮುಂಬಯಿಗೆ ಹೋಗಿ ರೈಲ್ವೆ ನೌಕರಿ ಹಿಡಿದರು. 1906ರಲ್ಲಿ ಹಿಂದೂ ತಂಡವು ಯೂರೋಪಿಯನ್ನರನ್ನು 109 ಓಟಗಳಿಂದ ಸೋಲಿಸಿದಾಗ ಬಾಳೂ ಆ ತಂಡದಲ್ಲಿದ್ದರು. ತಮ್ಮ ಶಿವರಾಮರೂ ಇದ್ದರು. 1911ರಲ್ಲಿ ಪಟಿಯಾಲಾದ ಮಹಾರಾಜರ ನಾಯಕತ್ವದಲ್ಲಿ ಭಾರತದ ತಂಡ ಇಂಗ್ಲೆಂಡಿಗೆ ಹೋಯಿತು. ಆ ಪ್ರವಾಸದಲ್ಲಿ ತಂಡವು ಹೆಚ್ಚಾಗಿ ಸೋತಿತು; ಬಾಳೂ ಒಬ್ಬರೇ 114 ವಿಕೆಟ್ ಕಿತ್ತರು. ಇಷ್ಟಾದರೂ ಹಿಂದೂ ತಂಡದ ನಾಯಕತ್ವ ಮಾತ್ರ ವರ್ಷವರ್ಷವೂ ಬೇರೆಯವರ ಪಾಲಾಯಿತು. 1920ರಲ್ಲಿ ಉಪನಾಯಕರಾದರು, ನಾಯಕರು ಅಂಗಳದಿಂದ ಹೊರಗಿದ್ದಾಗ ತಂಡವನ್ನು ನಡೆಸಿದರು. ಪೂರ್ಣ ನಾಯಕತ್ವ ದೊರೆತದ್ದು 1923ರಲ್ಲಿ, ಅದೂ ಅವರಿಗಲ್ಲ, ತಮ್ಮ ವಿಠ್ಠಲರಿಗೆ. ವಿಠ್ಠಲರ ತಂಡ ಆ ವರ್ಷ ಗೆದ್ದಿತು.

1937ರ ಚುನಾವಣೆಯಲ್ಲಿ ಬಾಳೂ ಕಾಂಗ್ರೆಸ್ಸಿನ ಪರವಾಗಿ ನಿಂತರು. ಎದುರಾಳಿ ಡಾಕ್ಟರ್ ಅಂಬೇಡ್ಕರರು. ತಾರುಣ್ಯದಲ್ಲಿ ಇದೇ ಬಾಳೂ ಅವರನ್ನು ಅಭಿಮಾನದಿಂದ ಕಂಡವರು. ಗೆಲವು ಅಂಬೇಡ್ಕರರದಾಯಿತು. ಅದರ ವಿಚಾರ ಬೇರೆಯೇ ಒಂದು ಭಾಷಣಕ್ಕೆ ಸಾಕಾಗುವಷ್ಟಿದೆ.

ಇನ್ನು ಗ್ರೇಗ್. ಮುಂಬಯಿ ಗವರ್ನರರ ಮಿಲಿಟರಿ ಕಾರ್ಯದರ್ಶಿಯಾಗಿದ್ದು, ನಿವೃತ್ತರಾಗಿ ಸ್ವದೇಶಕ್ಕೆ ತೆರಳಿ ಹ್ಯಾಂಪ್‌ಶೈರ್ ಕ್ಲಬ್ಬಿನ ಕಾರ್ಯದರ್ಶಿಯಾದರು. ಆಮೇಲೆ ಯಾರೂ ಊಹಿಸದ ಒಂದು ಕೆಲಸ ಮಾಡಿದರು: ಅರವತ್ತು ದಾಟಿದ ಮೇಲೆ ಕ್ಯಾಥೊಲಿಕ್ ಪಾದ್ರಿಯಾಗಿ ದೀಕ್ಷೆ ಪಡೆದರು. ಕತ್ತಿ ಕಟ್ಟಿದ್ದ ನಡುವಿಗೆ ನಿಲುವಂಗಿ ಬಂತು.

ಬಾಳೂ 1955ರ ಜುಲೈ 4ರಂದು ತೀರಿಕೊಂಡರು. ಗ್ರೇಗ್ 1958ರಲ್ಲಿ, ಇಂಗ್ಲೆಂಡಿನಲ್ಲಿ. ಪುಣೆಯ ಆ ಮುಂಜಾವುಗಳನ್ನು ನೆನೆಯುವಾಗ ಹಿಂದೂಸ್ಥಾನದ ಜನ ಇಬ್ಬರ ಹೆಸರನ್ನೂ ಜೊತೆಯಾಗಿಯೇ ಹೇಳುತ್ತಾರೆ.

ಹೊತ್ತಾಯಿತು, ಹೊರಗೆ ಮಕ್ಕಳ ಪಂದ್ಯ ಕಾದಿದೆ.